ಉಪ್ಪಿನ ಬಯಲಿಗೆ ಹೊರಟಿದ್ದ ಅಕ್ಕ

ದೀಪಾವಳಿ ಕಳೆದ ಮೊದಲ ಸೋಮವಾರ, ಬೆಳಿಗ್ಗೆ ಐದೂಕಾಲು ಗಂಟೆ. ಚನ್ನಗಿರಿಯ ನಮ್ಮ ಬಾಡಿಗೆ ಮನೆಯ ಅಡುಗೆಕೋಣೆ. ಹಾಜರಿದ್ದವರು ನನ್ನ ಅಕ್ಕ, ನನ್ನ ತಮ್ಮ ಮತ್ತು ನಾನು.

ಅಕ್ಕ ಹೊಸ್ತಿಲ ಬಳಿ ಮಣೆಯ ಮೇಲೆ ಕೂತಿದ್ದಳು. ಸೀರೆಯ ಮೇಲೆ ನನ್ನ ಹಳೆಯ ಉಣ್ಣೆ ಕೋಟು. ಮಡಿಲಲ್ಲಿ ಕೈಚೀಲ, ಅದರೊಳಗೆ ಒಂದು ಚೊಂಬು, ಒಂದು ಸೀರೆ. ಒಲೆ ಹಚ್ಚಿರಲಿಲ್ಲ. ಅಕ್ಕ ನನ್ನ ಜೊತೆ ಇರಲು ಬಂದ ಮೇಲೆ ಐದು ಗಂಟೆಗೆ ಒಲೆ ಹಚ್ಚದ ದಿನವೆಂದರೆ ಶನಿವಾರದಿಂದೀಚಿನ ಈ ಮೂರು ದಿನ ಮಾತ್ರ.

"ಬಸ್ಸು ಎಷ್ಟೊತ್ತಿಗೈತೆ?" ಎಂದು ನನ್ನನ್ನು ಕೇಳಿದಳು.

"ಎಲ್ಲಿಗೆ ಅಕ್ಕಾ?"

"ಎಲ್ಲಿಗೆ ಅಂತೀಯಲ್ಲೋ. ಬಿಳೇ ಬಯಲಿಗೆ. ಹೋದ ಸಲ ಹೊತ್ತು ಮೂಡಾಕೆ ಮುಂಚೆನೇ ಹೊರಟಿದ್ವಿ. ಬಿಸಿಲೇರಿದ್ರೆ ಅಲ್ಲಿ ಕಣ್ಣು ಬಿಡಾಕೆ ಆಗಲ್ಲ."

ತಮ್ಮ ಅವಳೆದುರು ಚಕ್ಕಳಮಕ್ಕಳ ಹಾಕಿ ಕೂತು ಮೊಬೈಲನ್ನು ಅವಳ ಬಾಯಿಯ ಹತ್ತಿರ ಹಿಡಿದಿದ್ದ. ಮಾತು ರೆಕಾರ್ಡ್ ಆಗುತ್ತಿತ್ತು.

"ನೆಲ ಹೆಂಗಿತ್ತು?" ಎಂದು ಮೆಲ್ಲಗೆ ಕೇಳಿದ.

"ನೆಲಾನೇ ತಿನ್ನಬಹುದು ಕಣ್ರೀ. ಒಂದು ಚಕ್ಕೆ ಮುರಿದು ಬಾಯಿಗೆ ಹಾಕ್ಕೊಂಡೆ. ಎಂಥಾ ರುಚಿ ಅಂತೀರಿ." ಅಕ್ಕ ಒಣಗಿದ ತುಟಿಯನ್ನು ನಾಲಿಗೆಯಿಂದ ಸವರಿಕೊಂಡಳು. ಆಮೇಲೆ ಅವನ ಕೈಯ ಮೊಬೈಲ್ ನೋಡಿ, "ನೀವು ಯಾವ ಪೇಪರ್‌ನೋರು?" ಎಂದಳು.

ತಾನೇ ಎತ್ತಿ ಆಡಿಸಿ ಬೆಳೆಸಿದ ತಮ್ಮ ಅವಳಿಗೆ ಶನಿವಾರದಿಂದ ಪೇಪರಿನವನಾಗಿದ್ದ. ಪಶ್ಚಿಮಕ್ಕೆ ನ್ಯಾಮತಿ, ಪೂರ್ವಕ್ಕೆ ಜಗಳೂರು, ಅಕ್ಕ ಇವುಗಳ ಆಚೆ ಹೋದವಳಲ್ಲ. ಅವಳು ಹೇಳುತ್ತಿದ್ದ ಬಿಳಿಯ ಬಯಲು ಇರುವುದು ತಮ್ಮನ ಪುಸ್ತಕದಲ್ಲಿ.

ತಮ್ಮ ಕಾಲೇಜುಗಳಲ್ಲಿ ಮನಶ್ಶಾಸ್ತ್ರ ಕಲಿಸಿ ನಿವೃತ್ತನಾದವನು. ಮದುವೆಯಾಗಲಿಲ್ಲ. ನ್ಯಾಮತಿಯಲ್ಲಿ ಮನೆ, ಆದರೆ ಮನೆಯಲ್ಲಿ ಇರುವುದು ಕಡಿಮೆ. ಅವನು ಬರೆಯುವ ಪುಸ್ತಕಗಳು ಎರಡು ಬಗೆ. ಒಂದು, ಯಾರೂ ಹೋಗದ ಊರುಗಳದು: ಚಳಿಗಾಲವಿಡೀ ಹಿಮ ಬಿದ್ದು ದಾರಿ ಮುಚ್ಚುವ ಹಳ್ಳಿ, ದೋಣಿ ಬಂದರೆ ಬಂತು ಇಲ್ಲದಿದ್ದರೆ ಇಲ್ಲ ಎನ್ನುವ ದ್ವೀಪ, ದೇಶದ ಪಶ್ಚಿಮದ ಅಂಚಿನ ಉಪ್ಪಿನ ಬಯಲು. ಇನ್ನೊಂದು, ವಿಚಿತ್ರ ಮನಸ್ಸುಗಳದು: ಹೆಂಡತಿಯ ಮುಖ ಗುರುತು ಹತ್ತದೆ ಬಳೆಯ ಸದ್ದಿನಿಂದ ಅವಳನ್ನು ತಿಳಿಯುವ ವ್ಯಾಪಾರಿ, ತನ್ನ ಎಡಗೈ ಯಾರದೋ ನೆಂಟರದು ಎಂದು ಅದಕ್ಕೆ ಬೇರೆ ತಟ್ಟೆ ಇಡುತ್ತಿದ್ದ ಮುದುಕಿ. ತಮ್ಮನೆಂದು ಹೊಗಳುತ್ತಿಲ್ಲ, ಕೈಗೆತ್ತಿಕೊಂಡರೆ ಕೆಳಗಿಡಲಾಗದ ಪುಸ್ತಕಗಳು. ಬಸ್ ನಿಲ್ದಾಣದಲ್ಲಿ ಗುರುತಿಲ್ಲದವರು ಬಂದು ಅವನ ಕೈ ಹಿಡಿದುಕೊಳ್ಳುತ್ತಾರೆ.

ನಾನು ಡ್ರಿಲ್ ಮೇಷ್ಟ್ರು. ಮಠದ ಹಾಸ್ಟೆಲಿನಲ್ಲಿ ಗಂಟೆ ಹೊಡೆದಾಗ ಎದ್ದು, ಗಂಟೆ ಹೊಡೆದಾಗ ಉಂಡು ಬೆಳೆದವನು. ಆಮೇಲೆ ಹೊನ್ನಾಳಿ, ಸಾಸ್ವೆಹಳ್ಳಿ, ಚನ್ನಗಿರಿ ಶಾಲೆಗಳಲ್ಲಿ ಸೀಟಿ ಊದಿದೆ. ನನ್ನ ಹೆಂಡತಿ ತೀರಿಕೊಂಡ ಮೇಲೆ ಅಕ್ಕ ಇಲ್ಲಿಗೆ ಬಂದಳು. ಅವಳ ಗಂಡ ಅಷ್ಟರಲ್ಲಾಗಲೇ ಜಗಳೂರಿನಲ್ಲಿ ತೀರಿಹೋಗಿದ್ದರು. ಬಂದ ದಿನ ನನ್ನ ವೇಳಾಪಟ್ಟಿ ಕೇಳಿ, "ಇದು ಮನೆಯೋ ಜೈಲೋ" ಎಂದಳು. ಮಾರನೆಯ ದಿನದಿಂದ ನನಗಿಂತ ಮೊದಲೇ ಏಳತೊಡಗಿದಳು.

ಸಂಜೆ ಊಟವಾದ ಮೇಲೆ ಅರ್ಧ ಗಂಟೆ ನಾನು ತಮ್ಮನ ಪುಸ್ತಕ ಗಟ್ಟಿಯಾಗಿ ಓದುವುದು, ಅವಳು ದೀಪದ ಬತ್ತಿ ಹೊಸೆಯುತ್ತ ಕೇಳುವುದು. ಮನಸ್ಸಿನ ಪುಸ್ತಕಗಳು ಅವಳಿಗೆ ಹಿಡಿಸುತ್ತಿರಲಿಲ್ಲ. "ಅವರಿವರ ಮನೆ ರೋಗ ನಮಗ್ಯಾಕೆ. ಅವನು ಎಲ್ಲಿ ಉಂಡ, ಎಲ್ಲಿ ಮಲಗಿದ, ಅದನ್ನ ಓದು" ಎನ್ನುತ್ತಿದ್ದಳು. ಉಪ್ಪಿನ ಬಯಲಿನಲ್ಲಿ ತಮ್ಮ ಒಬ್ಬನೇ ದಾರಿ ತಪ್ಪಿ, ಕೈಯ ನೀರು ಮುಗಿದು, ಉಪ್ಪಿನ ಲಾರಿಯೊಂದು ಸಿಗುವವರೆಗೆ ಹಗಲಿಡೀ ನಡೆದ ಕಥೆಯಿದೆ. ಅದು ಬಂದಾಗ ಅವಳ ಕೈಯ ಬತ್ತಿ ನಿಲ್ಲುತ್ತಿತ್ತು. ಮುಗಿದ ಮೇಲೆ, "ಸತ್ತಿದ್ರೆ ನಮಗೆ ಯಾರು ಹೇಳ್ತಿದ್ರು" ಎಂದು ಎದ್ದು ಹೋಗುತ್ತಿದ್ದಳು.

ತಮ್ಮ ಕೂಸಾಗಿದ್ದಾಗ ಅವನಿಗೆ ಕಾಲಲ್ಲಿ ಬಲವಿರಲಿಲ್ಲ. ಅವನು ನಡೆಯುವವರೆಗೆ ಮೊಸರು ಮುಟ್ಟುವುದಿಲ್ಲವೆಂದು ಅವ್ವ ಹರಕೆ ಹೊತ್ತಳು. ಅವನು ನಡೆಯುವ ಮೊದಲೇ ಅವ್ವ ಹೋದಳು. ಹೊತ್ತವರು ನಡುವೆ ಹೋದರೆ ಮನೆಯವರೇ ಯಾರಾದರೂ ಆ ಹರಕೆಯನ್ನು ಹೊರಬೇಕು. ಅಕ್ಕ ಆಗಿನ್ನೂ ಲಂಗ ಉಡುವ ಹುಡುಗಿ. ಅವ್ವನ ತಿಥಿಯ ಎಲೆಯಲ್ಲೇ ಮೊಸರನ್ನು ಪಕ್ಕಕ್ಕೆ ಸರಿಸಿದಳು. ತಮ್ಮ ಹೊಸ್ತಿಲು ದಾಟಿ ನಡೆದ ದಿನ ಮೊಸರನ್ನ ಕಲಸಿ ತಿಂದಳು. ಅಲ್ಲಿಂದ ಮುಂದೆ ಅವನು ನಡೆಯುತ್ತಲೇ ಇದ್ದಾನೆ.

ಶನಿವಾರ ಅಕ್ಕ ಇದ್ದಕ್ಕಿದ್ದಂತೆ ಬಯಲಿನ ಮಾತೆತ್ತಿದಾಗ ನಾನು ಫೋನ್ ಮಾಡಿದ್ದು ತಮ್ಮನಿಗೆ. ಅದಕ್ಕೂ ಹಿಂದಿನ ವಾರ ಅವಳಿಗೆ ವಾಕರಿಕೆ, ತಲೆಭಾರ ಇತ್ತು. ಹಬ್ಬದ ಎಣ್ಣೆ ತಿಂಡಿ ಎಂದುಕೊಂಡಿದ್ದೆವು. ಮನಸ್ಸಿನ ವಿಷಯ ಬಂದರೆ ನಮ್ಮ ಮನೆಯಲ್ಲಿ ತಿಳಿದವನು ಅವನೇ. ಮೊದಲ ಬಸ್ಸಿಗೇ ಬಂದ. ಅಕ್ಕನ ಮಾತನ್ನು ಎರಡು ಗಂಟೆ ಕೇಳಿ ಹೊರಗೆ ಬಂದವನ ಕಣ್ಣು ಹೊಳೆಯುತ್ತಿತ್ತು.

"ಇದು ಭಾಳ ಅಪರೂಪ ಅಣ್ಣಾ. ಕೇಳಿದ ಪುಸ್ತಕ ಅವಳ ನೆನಪಾಗಿ ಕೂತೈತೆ. ನಾನು ಬರೀದೇ ಇರೋದನ್ನೂ ಹೇಳ್ತಾಳೆ. ಉಪ್ಪಿನ ರುಚಿ ನಾನೆಲ್ಲಿ ಬರೆದೀನಿ? ತಿದ್ದಾಕೆ ಹೋಗಬ್ಯಾಡ, ಕೇಳ್ತಾ ಇರು."

ಭಾನುವಾರ ಹೊನ್ನಾಳಿಯಲ್ಲಿ ಅವನ ಓದುಗರ ಕೂಟವಿತ್ತು. ಒಪ್ಪಿಕೊಂಡದ್ದನ್ನು ತಪ್ಪಿಸಬಾರದು ಎನ್ನುವುದರಲ್ಲಿ ನಾವಿಬ್ಬರೂ ಒಂದೇ. ಕೆಳಮನೆಯ ಹೆಂಗಸನ್ನು ಅಕ್ಕನ ಹತ್ತಿರ ಕೂರಿಸಿ ಹೋದೆವು. ಮಾತಿನ ನಡುವೆ ತಮ್ಮ, "ನನಗೆ ತಿಳಿದ ಒಬ್ಬ ಹೆಂಗಸು" ಎಂದು ಶುರುಮಾಡಿದ. ಮನೆ ಬಿಟ್ಟು ಹೋಗದ ಆಕೆ ಉಪ್ಪಿನ ಬಯಲಿನಲ್ಲಿ ನಡೆದದ್ದನ್ನು ಹೇಗೆ ನೆನೆಯುತ್ತಾಳೆ, ಹೇಗೆ ತುಟಿ ಸವರಿಕೊಳ್ಳುತ್ತಾಳೆ ಎಂದು ವರ್ಣಿಸಿದ. ಸಭೆ ಉಸಿರು ಬಿಗಿಹಿಡಿದು ಕೇಳಿತು. ಮುಂದಿನ ಸಾಲಿನಲ್ಲಿ ಕೂತಿದ್ದ ನಾನು ತಲೆ ತಗ್ಗಿಸಿದೆ. ಅವನು ಹೇಳುತ್ತಿದ್ದುದರಲ್ಲಿ ಒಂದಕ್ಷರ ಸುಳ್ಳಿರಲಿಲ್ಲ.

ಕೊನೆಗೆ ಜಗಳೂರಿನಿಂದ ಬಂದಿದ್ದ ಒಬ್ಬ ಹೆಂಗಸು ಎದ್ದು ನಿಂತರು. ಸಹಿ ಹಾಕಿಸಲು ಅವನ ಪುಸ್ತಕಗಳನ್ನೆಲ್ಲ ಚೀಲದಲ್ಲಿ ತುಂಬಿ ತಂದಿದ್ದರು.

"ಸಾರ್, ನಿಮ್ಮ ಪುಸ್ತಕದಾಗಿನ ಮಂದಿ ಭಾಳ ಚೆನ್ನಾಗಿ ಶುರುವಾಗ್ತಾರೆ. ಕೊನೆಗೆ ಅವರು ಏನಾದ್ರು ಅಂತ ಎಲ್ಲೂ ಇಲ್ಲವಲ್ಲ."

"ಕೊನೆ ಡಾಕ್ಟರ ಕೆಲಸ ಮೇಡಂ. ಶುರು ಮಾತ್ರ ನನ್ನದು," ಎಂದ ತಮ್ಮ. ಎಲ್ಲರೂ ನಕ್ಕರು.

ಆಕೆ ನಗಲಿಲ್ಲ. "ಹಂಗಾದ್ರೆ ಆಯಮ್ಮನ್ನ ಡಾಕ್ಟರಿಗೆ ತೋರಿಸಿದ್ರಾ?"

ಅವನು ಇನ್ಯಾರದೋ ಪ್ರಶ್ನೆಗೆ ಕೈ ತೋರಿಸಿದ.

ವಾಪಸು ಬರುವಾಗ ಬಸ್ಸು ಸಾಸ್ವೆಹಳ್ಳಿಯಲ್ಲಿ ನಿಂತಿತು. ನಾನು ಅದೇ ಪ್ರಶ್ನೆ ಕೇಳಿದೆ. ಕಿಟಕಿಯ ಕಡೆ ನೋಡುತ್ತ, "ಆಸ್ಪತ್ರೆಗೆ ಹೋದ್ರೆ ನಿದ್ದೆ ಇಂಜೆಕ್ಷನ್ ಕೊಟ್ಟು ಮಲಗಿಸ್ತಾರೆ. ಎಲ್ಲ ಅಳಿಸಿ ಹೋಗ್ತೈತೆ. ಎರಡು ದಿನ ತಡಿ" ಎಂದ. ಮನೆಗೆ ಬಂದರೆ ಅಕ್ಕ ಮಧ್ಯಾಹ್ನದ ಊಟ ಮುಟ್ಟಿರಲಿಲ್ಲ. ಎರಡು ಸಲ ವಾಂತಿಯಾಗಿತ್ತು.

ಹೀಗಾಗಿ ಆ ಸೋಮವಾರ ಬೆಳಿಗ್ಗೆ ನಾನು ಒಲೆ ಹಚ್ಚಿ, ನೀರು ಕಾಯಿಸಿ, "ಎಂಟು ಗಂಟೆಗೆ ಆಟೋ ಹೇಳೀನಿ" ಎಂದೆ.

"ಇವತ್ತೊಂದು ದಿನ ಬಿಡು ಅಣ್ಣಾ."

ಅಷ್ಟರಲ್ಲಿ ಅಕ್ಕ ಬಸ್ಸಿಗೆಂದು ಎದ್ದಳು. ಎದ್ದವಳ ಮೊಣಕಾಲು ಮಡಿಚಿಕೊಂಡವು. ನಾನು ತೋಳು ಹಿಡಿಯದಿದ್ದರೆ ತಲೆ ಒಲೆಯ ಕಟ್ಟೆಗೆ ಬಡಿಯುತ್ತಿತ್ತು. ತಮ್ಮ ಮೊಬೈಲನ್ನು ಜೇಬಿಗೆ ಹಾಕಿಕೊಂಡ.

ಆಸ್ಪತ್ರೆ ಎಂದರೆ ಅಕ್ಕ ಬರುವವಳಲ್ಲ. "ಬಯಲಿಗೆ ಹೋಗೋ ಬಸ್ಸು ಬಂತು" ಎಂದೆ. ಆಟೋ ನೋಡಿ, "ಈ ಸಲ ಸಣ್ಣದು ಕಳಿಸ್ಯಾರೆ" ಎಂದು ಗೊಣಗಿ ಹತ್ತಿದಳು. ದಾರಿಯಲ್ಲಿ ಡ್ರೈವರನಿಗೆ, "ಮರಳಿ ಬರುವಾಗ ನೆನಪಿಟ್ಕೊಂಡು ಒಂದು ಚೀಲ ಉಪ್ಪು ಹಾಕ್ಕೊಳಪ್ಪ" ಎಂದಳು. ಆತ ಕನ್ನಡಿಯಲ್ಲಿ ನನ್ನ ಮುಖ ನೋಡಿ, "ಆಯ್ತಜ್ಜಿ" ಎಂದ.

ಆಸ್ಪತ್ರೆಯ ಡಾಕ್ಟರು ಚಿಕ್ಕ ವಯಸ್ಸಿನ ಹೆಣ್ಣುಮಗಳು. ನಾಲಿಗೆ ನೋಡಿ, ಕಾಲು ಒತ್ತಿ ನೋಡಿ, ರಕ್ತ ತೆಗೆಸಿ, ಯಾವ ಮಾತ್ರೆ ನುಂಗುತ್ತಾರೆ ಎಂದು ಕೇಳಿದರು. ದಸರೆಯ ಹೊತ್ತಿಗೆ ಬದಲಾಯಿಸಿದ ಬಿ.ಪಿ. ಮಾತ್ರೆ ತೋರಿಸಿದೆ. ತಮ್ಮ ನೆನಪು, ಕಲ್ಪನೆ ಎಂದೆಲ್ಲ ವಿವರಿಸತೊಡಗಿದ. ಆಕೆ ತಲೆ ಆಡಿಸುತ್ತ ಕೇಳಿದರು, ಆದರೆ ಬರೆದುಕೊಳ್ಳಲಿಲ್ಲ. ರಕ್ತದ ವರದಿ ಬಂದ ಮೇಲೆ ನಮ್ಮಿಬ್ಬರನ್ನೂ ಕರೆದರು.

"ಸೋಡಿಯಂ ತುಂಬಾ ಇಳಿದಿದೆ. ರಕ್ತದಲ್ಲಿ ಉಪ್ಪಿನಂಶ ಇಷ್ಟು ಕಡಿಮೆಯಾದರೆ ತಲೆ ಹೀಗೇ ಕದಡುತ್ತೆ. ಇನ್ನೂ ಇಳಿದಿದ್ದರೆ ಫಿಟ್ಸ್ ಬರೋದು, ಎಚ್ಚರ ತಪ್ಪೋದು. ಈ ಮಾತ್ರೆ ಉಪ್ಪನ್ನು ಹೊರಗೆ ಹಾಕುತ್ತೆ, ಆದರೆ ಇದೊಂದರಿಂದಲೇ ಇಷ್ಟು ಆಗಿರಲಿಕ್ಕಿಲ್ಲ. ಊಟದಲ್ಲಿ ಉಪ್ಪು ಸರಿಯಾಗಿ ತಿಂತಾರಾ?"

"ಒಂದೇ ಒಲೆ, ಒಂದೇ ಪಾತ್ರೆ. ನಾನು ಉಣ್ಣೋದನ್ನೇ ಅವಳೂ ಉಣ್ಣೋದು," ಎಂದೆ.

"ನಿಮಗೂ ಬಿ.ಪಿ. ಇದೆಯಲ್ಲ. ನಿಮಗೆ ಉಪ್ಪು ಕಡಿಮೆ ಮಾಡಿ ಅಂತ ಹೇಳಿಲ್ವಾ?"

ಹೇಳಿದ್ದರು. ತಿಂಗಳ ಮಾತ್ರೆಗೆ ನಾನು ಬರುವುದೂ ಇಲ್ಲಿಗೇ, ಪ್ರತಿ ಸಲ ಹೇಳುತ್ತಾರೆ. ನನಗೆ ಉಪ್ಪಿನಕಾಯಿ ಇಲ್ಲದೆ ತುತ್ತು ಇಳಿಯುವುದಿಲ್ಲ. ಅದಕ್ಕೆ ಮೂರು ಹೊತ್ತೂ ಜಾಡಿ ನನ್ನ ತಟ್ಟೆಯ ಪಕ್ಕದಲ್ಲೇ ಇರುತ್ತದೆ. ಎದ್ದು ಅಕ್ಕನ ಮಂಚದ ಹತ್ತಿರ ಹೋದೆ. ತಮ್ಮನೂ ಹಿಂದೆ ಬಂದ.

ನರ್ಸು ಅಕ್ಕನ ಕೈಗೆ ಸೂಜಿ ಚುಚ್ಚಿ ಡ್ರಿಪ್ ಹಾಕುತ್ತಿದ್ದಳು. "ಏನಿಲ್ಲಜ್ಜಿ, ಬರೀ ಉಪ್ಪಿನ ನೀರು" ಎಂದು ಸಮಾಧಾನ ಹೇಳಿದಳು.

ಅಕ್ಕ ಥಟ್ಟನೆ ಇನ್ನೊಂದು ಕೈಯಿಂದ ಕೊಳವೆ ಹಿಡಿದಳು. "ತೆಗೀರಿ. ಉಪ್ಪು ಬ್ಯಾಡ. ಉಪ್ಪು ನಾನು ಬಿಟ್ಟೀನಿ."

ಅವಳ ಕೈ ಬಿಡಿಸಲು ನಾವಿಬ್ಬರೂ ಬೇಕಾಯಿತು. ಬಯಲಿನ ಉಪ್ಪಿಗೆ ತುಟಿ ಸವರಿಕೊಂಡವಳು ಇವಳೇ ಏನು ಅನ್ನಿಸಿತು. ತಮ್ಮ ಮಂಚದ ಅಂಚಿಗೆ ಕೂತು, ಮೂರು ದಿನದಿಂದ ಕೇಳುತ್ತಿದ್ದ ಅದೇ ಮೆಲುದನಿಯಲ್ಲಿ, "ಯಾಕೆ ಬಿಟ್ರಿ?" ಎಂದು ಕೇಳಿದ. ಈ ಸಲ ಮೊಬೈಲ್ ಹೊರಗೆ ತೆಗೆದಿರಲಿಲ್ಲ.

"ನೀವು ಪೇಪರ್‌ನೋರು, ಬರೆದುಬಿಡ್ತೀರಿ."

"ಬರೆಯಲ್ಲ. ಹೇಳ್ರಿ."

ಅಕ್ಕ ಅವನ ಮುಖವನ್ನೇ ನೋಡುತ್ತ ಹೇಳಿದಳು. "ನನಗೊಬ್ಬ ಸಣ್ಣ ತಮ್ಮ ಅದಾನೆ. ಅಲೀತಾನೆ. ಶಿವರಾತ್ರಿ ಕಳೆದ ಮೇಲೆ ಅವನ್ನ ನೋಡಾಕೆ ನ್ಯಾಮತಿಗೆ ಹೋದೆ, ಮನೆಗೆ ಬೀಗ. ಎಲ್ಲಿಗೆ ಹೋದ ಅಂತ ಯಾರಿಗೂ ಗೊತ್ತಿಲ್ಲ. ಪಕ್ಕದ ಮನೆಯೋರು ಸೂರಗೊಂಡನಕೊಪ್ಪದ ಗುಡಿಗೆ ಹೊರಟಿದ್ರು. ಅವರ ಸಂಗಡ ಹೋಗಿ ಕೈ ಮುಗಿದು ಉಪ್ಪು ಬಿಟ್ಟೆ. ಅವನು ಅಲೆಯೋದು ನಿಲ್ಲಿಸೋ ತನಕ." ಆಮೇಲೆ, "ಸಣ್ಣೋನಿದ್ದಾಗ ನಡೀಲಿ ಅಂತ ಮೊಸರು ಬಿಟ್ಟಿದ್ದೆ. ಈಗ ನಿಲ್ಲಲಿ ಅಂತ ಉಪ್ಪು. ಅವನಿಗೆ ಹೇಳಬ್ಯಾಡಿ, ಹರಕೆ ಹೇಳಬಾರದು" ಎಂದಳು.

ತಮ್ಮ ಎದ್ದು ಹೊರಗೆ ಹೋದ.

ಅಕ್ಕ ಸಾರಿಗೆ ಕೊನೆಯಲ್ಲಿ ಉಪ್ಪು ಹಾಕುತ್ತಾಳೆ. ಅದಕ್ಕೆ ಮೊದಲು ಒಂದು ಸೌಟು ತನ್ನ ಸ್ಟೀಲ್ ಬಟ್ಟಲಿಗೆ ಬಗ್ಗಿಸಿಕೊಳ್ಳುತ್ತಿದ್ದುದನ್ನು ನಾನು ದಿನಾ ನೋಡಿದ್ದೆ. ವಯಸ್ಸಾಗಿದೆ, ಖಾರ ಆಗುವುದಿಲ್ಲ, ಒಗ್ಗರಣೆಗೆ ಮೊದಲು ತೆಗೆದುಕೊಳ್ಳುತ್ತಾಳೆ ಎಂದುಕೊಂಡಿದ್ದೆ. ಮುದ್ದೆಗೆ ಹೇಗೂ ಉಪ್ಪಿಲ್ಲ. ಬೇಸಿಗೆ, ಮಳೆಗಾಲ ಎರಡನ್ನೂ ಅವಳು ಹಾಗೆಯೇ ಕಳೆದಿದ್ದಳು. ಹೊಸ ಮಾತ್ರೆ ಬಂದ ಮೇಲೆ ದೇಹ ತಡೆಯಲಿಲ್ಲ.

ವಿಷಯವನ್ನು ಡಾಕ್ಟರಿಗೆ ಹೇಳಿದೆ. ಆಕೆ ಮಾತ್ರೆ ನಿಲ್ಲಿಸಿದರು. ಡ್ರಿಪ್ಪನ್ನು ನಿಧಾನವಾಗಿಯೇ ಕೊಡಬೇಕು, ದಾವಣಗೆರೆಗೆ ಕಳಿಸಬೇಕೋ ಏನೋ ಸಂಜೆಗೆ ನೋಡೋಣ ಎಂದರು. "ಆದರೆ ಮನೆಗೆ ಹೋದ ಮೇಲೆ ಇವರು ಉಪ್ಪು ತಿನ್ನಲೇಬೇಕು. ತಿನ್ನದಿದ್ದರೆ ಮತ್ತೆ ಇಲ್ಲಿಗೇ ಬರೋದು. ಪ್ರತಿ ಸಲ ಇಷ್ಟು ಹೊತ್ತಿಗೆ ಸಿಗ್ತಾರೆ ಅಂತ ಹೇಳೋಕಾಗಲ್ಲ."

ಹೊರಗೆ ಬೇವಿನ ಕಟ್ಟೆಯ ಮೇಲೆ ತಮ್ಮ ಕೂತಿದ್ದ. ಮುಂದಿನ ಸೋಮವಾರ ಅವನಿಗೆ ಉತ್ತರದ ಹಿಮದ ಬಯಲಿಗೆ ಟಿಕೆಟ್ ಆಗಿತ್ತು. ಅದು ನನಗೆ ಗೊತ್ತಿತ್ತು, ನನಗೆ ಗೊತ್ತು ಎಂದು ಅವನಿಗೂ ಗೊತ್ತಿತ್ತು. ಇಬ್ಬರಿಗೂ ಚಹಾ ತಂದೆ.

"ಎಷ್ಟು ಜನರ ಮನಸ್ಸು ಬರೆದೆ ಅಣ್ಣಾ," ಎಂದು ಶುರುಮಾಡಿ ನಿಲ್ಲಿಸಿದ.

"ಚಹಾ ಆರ್ತೈತೆ, ಕುಡಿ," ಎಂದೆ.

ಇಳಿಹೊತ್ತಿಗೆ ಅಕ್ಕ ಕಣ್ಣು ಬಿಟ್ಟು, ಮೊದಲು ಚಾವಣಿ ನೋಡಿ, ಆಮೇಲೆ ನನ್ನನ್ನು ನೋಡಿ, "ಒಲೆ ಮೇಲೆ ಹಾಲಿಟ್ಟಿದ್ದೆನೇನೋ?" ಎಂದಳು. ತಮ್ಮನನ್ನು ನೋಡಿ, "ನೀನು ಯಾವಾಗ ಬಂದ್ಯೋ? ಗಡ್ಡ ಬೋಳಿಸಾಕೆ ಆಗಲ್ಲೇನು?" ಎಂದಳು. ಅವನು ಗಡ್ಡ ಸವರಿಕೊಂಡು ನಗಲು ಹೋದ. ಆಗಲಿಲ್ಲ. ಡಾಕ್ಟರು ಬಂದು ಅವಳ ಹೆಸರು, ಊರು, ವಾರ ಕೇಳಿದರು. ವಾರ ಒಂದು ತಪ್ಪಿತು. "ಪರವಾಗಿಲ್ಲ, ದಾವಣಗೆರೆ ಬೇಡ. ಉಪ್ಪು ಹಾಕಿ ಗಂಜಿ ಕೊಡಿ" ಎಂದು ಹೋದರು.

ಕೆಳಮನೆಯ ಹೆಂಗಸು ಕಳಿಸಿದ್ದ ಗಂಜಿಗೆ ಉಪ್ಪು ಬೆರೆಸಿದೆ. ಅಕ್ಕ ಬಾಯಿ ಮುಚ್ಚಿಕೊಂಡಳು.

"ಅದು ನನಗಾಗಲ್ಲ."

"ಹರಕೆ ವಿಷಯ ನಮಗೆ ಗೊತ್ತೈತೆ. ನೀನೇ ಹೇಳಿದೆ ಅಕ್ಕಾ," ಎಂದ ತಮ್ಮ. "ಪೇಪರ್‌ನೋರಿಗೆ."

ಅಕ್ಕ ಅವನನ್ನೂ ನನ್ನನ್ನೂ ನೋಡಿದಳು. ಮುಖ ಗೋಡೆಯ ಕಡೆ ತಿರುಗಿಸಿದಳು. "ಹಂಗಾರೆ ಎಲ್ಲ ಹೋಯ್ತು."

"ಹೋಗಲಿಲ್ಲ. ನಾನು ನಿಲ್ತೀನಿ. ಇನ್ನು ಎಲ್ಲಿಗೂ ಹೋಗಲ್ಲ."

"ಉಪ್ಪಿನ ಬಯಲಿಂದ ಬಂದಾಗಲೂ ಇದನ್ನೇ ಅಂದಿದ್ದೆ. ಅದರ ಹಿಂದಿನ ಸಲನೂ." ದನಿಯಲ್ಲಿ ಸಿಟ್ಟಿರಲಿಲ್ಲ. "ನಿನ್ನ ಮಾತು ನಂಬಿ ಉಪ್ಪು ತಿಂದು, ನೀನು ಹೋಗಿ, ಅಲ್ಲಿ ಏನಾದ್ರೂ ಆದ್ರೆ? ನಿಲ್ಲು. ನಿಂತಿದ್ದನ್ನ ನೋಡಿ ತಿಂತೀನಿ."

ಅವನು ನಿಂತದ್ದನ್ನು ನೋಡಲು ಎಷ್ಟು ತಿಂಗಳು ಬೇಕು. ಅಷ್ಟು ದಿನ ಅವಳು ಉಳಿಯುವುದಿಲ್ಲ. ಗಂಜಿ ಆರುತ್ತಿತ್ತು. ಆಣೆ, ಗದರಿಕೆ ಯಾವುದೂ ಅವಳ ಮುಂದೆ ನಡೆಯುವುದಿಲ್ಲ. ನಡೆಯುವುದು ಕ್ರಮ ಒಂದೇ.

"ಅವ್ವನ ಮೊಸರು ನೀನು ಹೊತ್ತೆಯಲ್ಲ," ಎಂದೆ. "ನಿನ್ನ ಉಪ್ಪು ನನಗೆ ಕೊಡು."

"ಅವ್ವ ಸತ್ತಿದ್ಲು. ನಾನು ಬದುಕೀನಿ."

"ಬದುಕಿರೋರು ಕೊಡಬಾರದು ಅಂತ ಯಾರು ಹೇಳ್ಯಾರೆ?"

ಅಕ್ಕ ಯೋಚಿಸಿದಳು. ಹಾಗೆ ಯಾರೂ ಹೇಳಿರಲಿಲ್ಲ. "ನೀನೂ ಉಪ್ಪು ಬಿಟ್ಟು ಇಲ್ಲೇ ಪಕ್ಕದ ಮಂಚದಾಗೆ ಮಲಗ್ತೀಯೇನು?"

"ಡಾಕ್ಟರು ನನಗೆ ಬಿಡು ಅಂದಿರೋದು ಉಪ್ಪಿನಕಾಯಿ. ಅದನ್ನ ಬಿಡ್ತೀನಿ."

"ದೇವರಿಗೆ ಲೆಕ್ಕ ಗೊತ್ತಾಗಲ್ಲ ಅಂದ್ಕೊಂಡ್ಯಾ? ಉಪ್ಪೆಲ್ಲಿ, ಉಪ್ಪಿನಕಾಯಿ ಎಲ್ಲಿ."

ಆಗ ತಮ್ಮ ಬಾಯಿ ಹಾಕಿದ. "ಅಕ್ಕಾ, ಹೆಂಡತಿ ಹೋದಾಗಲೂ ಅಣ್ಣ ಉಪ್ಪಿನಕಾಯಿ ಬಿಟ್ಟಿರಲಿಲ್ಲ."

ಅದು ನಿಜ. ಅಕ್ಕನಿಗೂ ಅದು ನೆನಪಾಗಿರಬೇಕು. ನನ್ನ ಕಡೆ ಹೊರಳಿ, "ಕೈ ಕೊಡು" ಎಂದಳು. ಸೂಜಿ ಇಲ್ಲದ ಕೈಯನ್ನು ನನ್ನ ಅಂಗೈ ಮೇಲೆ ಇಟ್ಟು ಕಣ್ಣು ಮುಚ್ಚಿದಳು. ತುಟಿ ಅಲುಗಿತು, ದನಿ ಬರಲಿಲ್ಲ. ಆಮೇಲೆ ತಮ್ಮನ ಕಡೆ ತಿರುಗಿ, "ಇನ್ನು ನೀನು ಹೊರಟ್ರೆ ಇವನು ಸಪ್ಪೆ ಉಣ್ಣಬೇಕು. ನನ್ನಂಗೆ ಬಾಯಿ ಮುಚ್ಕೊಂಡು ಉಣ್ಣೋನಲ್ಲ, ಊರೆಲ್ಲ ಕೇಳಂಗೆ ಬಯ್ಕೊಂಡು ಉಣ್ತಾನೆ. ನೋಡ್ಕೊ" ಎಂದಳು. ಬಾಯಿ ತೆರೆದಳು. ಮೊದಲ ಚಮಚಕ್ಕೆ ಕಣ್ಣಲ್ಲಿ ನೀರು ಬಂತು. ಬಟ್ಟಲು ಖಾಲಿ ಮಾಡಿದಳು.

ರಾತ್ರಿಗೆ ಆಸ್ಪತ್ರೆಯಲ್ಲಿ ತಾನು ಇರುವುದಾಗಿ ತಮ್ಮ ಹೇಳಿದ. ಬಾಗಿಲವರೆಗೆ ಬಂದು ಮೊಬೈಲನ್ನು ನನ್ನ ಕೈಗಿಟ್ಟ. "ಇದು ಮನೇಲಿರಲಿ."

"ಬರೀತೀಯಾ ಇದನ್ನ?"

"ಬರೆಯಲ್ಲ ಅಂತ ಅವಳಿಗೆ ಹೇಳೀನಿ."

"ನಿಲ್ತೀನಿ ಅಂತಲೂ ಹೇಳೀಯ."

ಅವನು ವಾರ್ಡಿನ ಕಡೆ ತಿರುಗಿದ. ನಾನೂ ನಿಲ್ಲಲಿಲ್ಲ. ಟಿಕೆಟ್ ರದ್ದು ಮಾಡಿದೆಯಾ ಎಂಬ ಮಾತು ನಾಲಿಗೆಯ ತುದಿಗೆ ಬಂದಿತ್ತು. ಕೇಳಿದರೆ, ಮಾಡಿರಲಿ ಬಿಡಲಿ, ಅವನು ಹೂಂ ಎನ್ನುತ್ತಿದ್ದ.

ಏಳೂವರೆಗೆ ಮನೆ ಸೇರಿದೆ. ಮೊಬೈಲನ್ನು ಬೀರುವಿನಲ್ಲಿಟ್ಟೆ. ಅಕ್ಕನ ಕೈಚೀಲದಿಂದ ಚೊಂಬು ತೆಗೆದು ಗೂಡಿನಲ್ಲಿಟ್ಟೆ, ಸೀರೆ ಮಡಿಸಿದೆ. ಮಾವಿನಮಿಡಿಯ ಜಾಡಿಯನ್ನು ಎತ್ತಿಕೊಂಡು ಕೆಳಮನೆಯ ಬಾಗಿಲು ತಟ್ಟಿದೆ.

"ಯಾಕೆ ಮೇಷ್ಟ್ರೇ, ಕೆಟ್ಟೋಯ್ತಾ?" ಎಂದರು ಆಕೆ, ಮುಚ್ಚಳ ತೆಗೆದು ಮೂಸಿ ನೋಡುತ್ತ.

"ಇಲ್ಲಮ್ಮ. ಚೆನ್ನಾಗೈತೆ."

"ಮತ್ತೆ ಯಾಕೆ ಕೊಡ್ತೀರಿ?"

"ಹೇಳಂಗಿಲ್ಲ," ಎಂದೆ.

ಮೇಲೆ ಬಂದು ಅನ್ನ, ಸಪ್ಪೆ ಬೇಳೆ ಉಂಡೆ. ತಟ್ಟೆ ತೊಳೆದೆ. ಉಪ್ಪಿನಕಾಯಿಯ ಮರದ ಚಮಚವನ್ನು ಹುಣಸೆಹಣ್ಣು ಹಚ್ಚಿ ತಿಕ್ಕಿ, ಬಿಸಿನೀರಲ್ಲಿ ಅದ್ದಿ, ಒರೆಸಿ ಬೋರಲು ಇಟ್ಟೆ.